ಹೆಸರಬೀಗರು

ಈ ಹೊತ್ತು ನನ್ನ ದೇವರ ಹೆಸರು ನನಗೆ ಗೊತ್ತಿಲ್ಲ. ಗಾಳಿ ಎದ್ದು ವಾರದ ಮೇಲಾಯಿತು. ಎದ್ದ ದಿನ ಬೆಳಿಗ್ಗೆ ಜಳಕ ಮಾಡಿ ದೇವರ ಗೂಡಿನ ಮುಂದೆ ನಿಂತು ಕೈ ಮುಗಿದೆ, ಬಾಯಿ ತೆರೆದರೆ ಹೆಸರು ಬರಲಿಲ್ಲ. ಬಂತಪ್ಪ ಈ ವರ್ಷದ್ದೂ ಅಂದುಕೊಂಡು ವಿಭೂತಿ ಹಚ್ಚಿಕೊಂಡೆ, ಚಹಾಕ್ಕೆ ಕೂತೆ. ಹೆದರುವ ಮಾತೇನಿಲ್ಲ. ನನ್ನ ದೇವರ ಹೆಸರು ಬಡಿಗ ಸಮಾಧಾನಪ್ಪನ ಮನೆಯಲ್ಲಿ ಜೋಪಾನವಾಗಿದೆ. ಅವನು ಚರ್ಚಿಗೆ ಹೋಗುವವನು, ಅವನ ದೇವರ ಹೆಸರು ನನ್ನ ಹತ್ತಿರ ಇದೆ.

ನಮ್ಮೂರಲ್ಲಿ ಜೋಳದ ತೆನೆ ಹಾಲುಗಟ್ಟುವ ಹೊತ್ತಿಗೆ ಈ ಗಾಳಿ ಬರುತ್ತದೆ. ಬಂದರೆ ಅವರವರ ದೇವರ ಹೆಸರು ಅವರವರ ನಾಲಿಗೆಯಿಂದ ಹಾರಿಹೋಗುತ್ತದೆ. ಮಂದಿಯ ದೇವರ ಹೆಸರು ಹೋಗುವುದಿಲ್ಲ, ತನ್ನದು ಮಾತ್ರ. ಕ್ಯಾಲೆಂಡರಿನಲ್ಲಿ ದೇವರ ಚಿತ್ರ ಕಾಣುತ್ತದೆ, ಕೆಳಗಿನ ಅಕ್ಷರ ಇರುವೆ ಸಾಲಿನ ಹಾಗೆ ಹರಿದಾಡುತ್ತದೆ, ಓದಲಾಗುವುದಿಲ್ಲ. ಗಾಳಿ ನಿಂತ ಮೇಲೂ ಹೆಸರು ತಾನಾಗಿ ತಿರುಗಿ ಬರುವುದಿಲ್ಲ. ಬೇರೆ ದೇವರನ್ನು ನಂಬಿದವರು ಅದನ್ನು ಇಟ್ಟುಕೊಂಡಿದ್ದು, ಮನೆಗೆ ಬಂದು, ಹಿರಿಯರ ಕಿವಿಯಲ್ಲಿ ಹೇಳಬೇಕು. ಹಿರಿಯರು ಮನೆಮಂದಿಗೆ ಹೇಳುತ್ತಾರೆ. ಆ ಹೆಸರು ಆ ಮನೆಯ ಹೊಸ್ತಿಲು ದಾಟಿ ಪಕ್ಕದ ಮನೆಯಲ್ಲಿ ನಿಲ್ಲುವುದಿಲ್ಲ, ಪಕ್ಕದವರದು ಪಕ್ಕದವರಿಗೇ ಬರಬೇಕು. ಹೀಗಾಗಿ ಪ್ರತಿ ಮನೆಗೂ ಬೇರೆ ಕೇರಿಯ ಒಂದು ಮನೆ ಗೊತ್ತಾಗಿದೆ. ನಾವು ಅವರದು ಇಟ್ಟುಕೊಳ್ಳುತ್ತೇವೆ, ಅವರು ನಮ್ಮದು. ಹೀಗೆ ಇಟ್ಟುಕೊಂಡವರಿಗೆ ನಮ್ಮೂರಲ್ಲಿ ಹೆಸರಬೀಗರು ಅನ್ನುತ್ತಾರೆ.

ಬೀಗರು ಅಂದಮೇಲೆ ಚೇಷ್ಟೆ ಇದ್ದದ್ದೇ. ಗಾಳಿ ನಿಂತ ಬೆಳಿಗ್ಗೆ ಬೀಗರು ಬಟ್ಟಲಲ್ಲಿ ಸಕ್ಕರೆ ಹಿಡಿದು ಬರುತ್ತಾರೆ. ಬಂದವರು ಸುಮ್ಮನೆ ಹೇಳುತ್ತಾರೆಯೇ? ಸಮಾಧಾನಪ್ಪ ಪ್ರತಿ ವರ್ಷ ನನ್ನ ಕಟ್ಟೆಯ ಮೇಲೆ ಕಾಲು ಇಳಿಬಿಟ್ಟು ಕೂತು, "ಏನೋ ಇತ್ತಲ್ಲೋ ಪಕೀರಾ ನಿನ್ನ ದೇವರ ಹೆಸರು, ಬರವಲ್ದು. ಹೋಳಿಗಿ ಗೀಳಿಗಿ ಮಾಡ್ಯಾರೇನು ಒಳಗ? ತುಪ್ಪದ ವಾಸ್ನಿ ಬಂದ್ರ ನೆಪ್ಪಾಗ್ತದೇನೋ," ಅನ್ನುತ್ತಾನೆ. ದೇವರ ಹೆಸರನ್ನು ನಾವು ಮಕ್ಕಳಿಗಿಡುವುದಿಲ್ಲ. ಶರಣರದ್ದು, ಸಂತರದ್ದು, ಸತ್ತುಹೋದ ಅಜ್ಜ ಅಮ್ಮಂದಿರದ್ದು ಇಡುತ್ತೇವೆ. ಒಮ್ಮೆ ಹೊರಗಿನಿಂದ ಬದಲಿಯಾಗಿ ಬಂದ ಪೋಸ್ಟ್ ಮಾಸ್ತರರಿಗೆ ದೇವರದೇ ಹೆಸರಿತ್ತು. ಗಾಳಿ ಎದ್ದ ದಿನ ಪಾಪ ಆ ಮನುಷ್ಯ ಸಹಿ ಮಾಡಲು ಕೂತು, ಪೆನ್ನು ಕಚ್ಚಿ ಕಚ್ಚಿ, ಕಡೆಗೆ ಟಪಾಲು ಹಂಚುವ ರಾಜೇಸಾಬನನ್ನು ಕರೆದು, "ನಾ ಯಾರಪಾ?" ಎಂದು ಕೇಳಿದರಂತೆ.

ನಾನು ಹೇಳಹೊರಟದ್ದು ಎರಡು ಹೆಂಗಸರ ಸಂಗತಿ. ಒಬ್ಬಾಕೆ ಮೇಲಿನ ಕೇರಿಯ ನೀಲಗಂಗವ್ವ. ಗುಡಿಯ ಎದುರಿನ ಕಿರಾಣಿ ಅಂಗಡಿ ಆಕೆಯ ಮಗ ಮುರಿಗೆಪ್ಪನದು. ಇನ್ನೊಬ್ಬಾಕೆ ಮಸೂತಿ ಓಣಿಯ ಜೈತೂನಬಿ. ಗಂಡ ಹೋದಮೇಲೆ ಕೌದಿ ಹೊಲಿದು ಬಾಳುವೆ ಮಾಡಿದವಳು. ಈ ಎರಡು ಮನೆಗಳು ಯಾವ ಕಾಲದಿಂದಲೋ ಹೆಸರಬೀಗರು. ಇವರಿಬ್ಬರೂ ಮದುವೆಯಾಗಿ ಬಂದ ಹೊಸದರಲ್ಲಿ ಅತ್ತೆಯಂದಿರ ಕೈಯಿಂದ ಹೆಸರು ತೆಗೆದುಕೊಂಡವರು. ಹೀಗೆ ಕೈಯಿಂದ ಕೈಗೆ ಬಂದದ್ದನ್ನು ಮಾತ್ರ ತಿರುಗಿ ಕೊಡಲು ಬರುತ್ತದೆ. ಅಂದಿನಿಂದ ಒಬ್ಬರನ್ನೊಬ್ಬರು ಹೆಸರಿಟ್ಟು ಕರೆದದ್ದೇ ಇಲ್ಲ. "ಏ ಬೀಗತಿ, ಸತ್ತೀಯೋ ಬದುಕೀಯೋ?" ಎಂದು ಒಬ್ಬಾಕೆ ಹೊರಗಿನಿಂದ ಕೂಗಿದರೆ, "ನಿನ್ನ ದೇವ್ರ ಹೆಸರು ನನ್ನ ಉಡ್ಯಾಗ ಕಟ್ಟೀದಿ, ಹೆಂಗ ಸಾಯ್ಲೇ ಯವ್ವಾ?" ಎಂದು ಒಳಗಿನಿಂದ ಇನ್ನೊಬ್ಬಾಕೆ. ನನ್ನ ಹಿಟ್ಟಿನ ಗಿರಣಿ ಎರಡು ಕೇರಿಗಳ ನಡುವೆ ಇತ್ತು, ಇಬ್ಬರೂ ಬೀಸಿಕೊಂಡು ಹೋಗಲು ಬರುತ್ತಿದ್ದರು. ಗಿರಣಿಯ ಗದ್ದಲದಲ್ಲೂ ಅವರ ನಗೆ ಕೇಳುತ್ತಿತ್ತು.

ಹೀಗಿರುವಾಗ ಒಂದು ಸಲ ಬೇರೆ ಊರಿನಿಂದ ಒಬ್ಬ ಮಾತುಗಾರ ಬಂದ. ಗುಡಿಯ ಕಟ್ಟೆಯ ಮೇಲೆ ನಿಂತು ಮಾತಾಡಿದ. ನಾನೂ ಹೋಗಿ ಕೇಳಿದೆ. ಸುಳ್ಳು ಹೇಳಬಾರದು, ಚೆನ್ನಾಗಿಯೇ ಮಾತಾಡಿದ. ಕಡೆಗೆ ಒಂದು ಪ್ರಶ್ನೆ ಕೇಳಿದ: "ಅವರು ವರ್ಷಾ ವರ್ಷಾ ನಿಮಗೆ ಹೇಳೋದು ನಿಮ್ಮ ದೇವರ ಹೆಸರೇ ಅಂತ ಏನು ಗ್ಯಾರಂಟಿ? ಯಾವ ಕಾಲದಲ್ಲೋ ಬದಲು ಮಾಡಿದ್ದರೆ? ಬೀಗರು ಅಂತೀರಿ. ಬೀಗರಲ್ಲ ಅವರು. ನಿಮ್ಮ ದೇವರಿಗೆ ಹಾಕಿದ ಬೀಗ." ಜನ ನಗಲಿಲ್ಲ. ಅದೇ ವಾರ ಮಸೂತಿಯ ಮುಂದೆ ಇನ್ನೊಬ್ಬ ಬಂದು ನಿಂತ. ಅವನು ಕೇಳಿದ್ದೂ ಅದೇ ಪ್ರಶ್ನೆಯಂತೆ. ಇಬ್ಬರೂ ಒಂದೇ ಬಸ್ಸಿಗೆ ಊರು ಬಿಟ್ಟರು, ಅದನ್ನು ನಾನು ಕಣ್ಣಾರೆ ಕಂಡಿದ್ದೇನೆ.

ಅವರು ಹೋದರೂ ಪ್ರಶ್ನೆ ಉಳಿಯಿತು. ನನಗೂ ಒಳಗೆ ಒಂದು ಕಸಿವಿಸಿ ಹತ್ತಿತು. ಸಮಾಧಾನಪ್ಪನಿಗೆ ಹೇಳಿದೆ. ಅವನು ಹಲಗೆಗೆ ರಂಧೆ ಹೊಡೆಯುವುದನ್ನು ನಿಲ್ಲಿಸಿ ನನ್ನನ್ನೇ ನೋಡಿದ. "ನಾ ಸುಳ್ಳ ಹೆಸರು ಕೊಟ್ಟಿದ್ರ ಇಷ್ಟು ವರ್ಷ ನಿನ್ನ ಗಿರಣಿ ತಿರಗ್ತಿತ್ತೇನೋ ಪಕೀರಾ?" ಅಂದ. "ಅದು ತಿರಗೂದು ಡೀಸೆಲ್ ಮ್ಯಾಲೋ," ಅಂದೆ. ಇಬ್ಬರೂ ನಕ್ಕೆವು, ಅಲ್ಲಿಗೆ ನಮ್ಮ ಮನೆಯ ಮಟ್ಟಿಗೆ ಆ ಮಾತು ಮುಗಿಯಿತು. ಎಲ್ಲ ಮನೆಗಳಲ್ಲಿ ಮುಗಿಯಲಿಲ್ಲ.

ಮುರಿಗೆಪ್ಪ ಕೆಟ್ಟ ಮನುಷ್ಯನಲ್ಲ. ತೂಕದಲ್ಲಿ ಎಂದೂ ಮೋಸ ಮಾಡಿದವನಲ್ಲ, ತಾಯಿಯೆಂದರೆ ಜೀವ. ಆದರೆ ತೂಗುವ ಮನುಷ್ಯ, ನೋಡಿ. ಎಲ್ಲವನ್ನೂ ಎರಡು ಸಲ ತೂಗಿ ನೋಡಬೇಕು ಅವನಿಗೆ. ಆ ವರ್ಷ ಗಾಳಿ ಎದ್ದು, ಬೀಸಿ, ನಿಂತಿತು. ಬೆಳಿಗ್ಗೆ ಜೈತೂನಬಿ ತಲೆಯ ಮೇಲೆ ಸೆರಗು ಹೊದ್ದು, ಸಕ್ಕರೆ ಬಟ್ಟಲು ಹಿಡಿದು ಅವರ ಮನೆಗೆ ಹೋದಳು. ಮುರಿಗೆಪ್ಪ ಬಾಗಿಲಿಗೆ ಅಡ್ಡ ನಿಂತ.

"ಚಿಗವ್ವಾ, ಬ್ಯಾಡ," ಅಂದ. ಚಿಕ್ಕಂದಿನಿಂದ ಆಕೆಯನ್ನು ಅವನು ಕರೆಯುತ್ತಿದ್ದುದೇ ಹಾಗೆ. "ಇನ್ ಮುಂದ ನಮ್ಮ ದೇವರನ್ನ ನಾವ ಹುಡಕ್ಕೋತೀವಿ."

"ಹುಡುಕಪಾ, ಯಾರ ಬ್ಯಾಡಂದಾರು?" ಅಂದಳು ಜೈತೂನಬಿ. "ಸಿಗೂತನಕ ಇದನ್ನ ಇಟ್ಕೋ. ಕಳಕೊಂಡಿದ್ದಲ್ಲ, ನಾ ಇಟ್ಟಿದ್ದು."

"ಅದ ನಮ್ದ ಅಂತ ಏನ್ ಖಾತ್ರಿ?"

ಒಳಗಿನಿಂದ ನೀಲಗಂಗವ್ವ, "ಯಾರ್ಲೇ ಅದು, ಬೀಗತಿ ಏನ?" ಎಂದು ಕೇಳುತ್ತಲೇ ಇದ್ದಳು. ಮುರಿಗೆಪ್ಪ ಬಾಗಿಲು ಮುಂದೆ ಮಾಡಿದ. ಜೈತೂನಬಿ ಹೊಸ್ತಿಲಲ್ಲಿ ಸ್ವಲ್ಪ ಹೊತ್ತು ನಿಂತಳು. ಆಮೇಲೆ ಸಕ್ಕರೆಯನ್ನು ಓಣಿಯ ಮಕ್ಕಳ ಕೈಗೆ ಹಂಚಿ, ಖಾಲಿ ಬಟ್ಟಲು ಹಿಡಿದು ಗಿರಣಿಯ ಮುಂದೆ ಹಾದುಹೋದಳು. ಮರುದಿನ ಮಸೂತಿ ಓಣಿಯ ದೊಡ್ಡವರು ಕೂಡ, ಅವರು ತರುವ ಹೆಸರು ನಮಗೂ ಬೇಡ ಎಂದು ಗಟ್ಟಿ ಮಾಡಿದರು. ಹೀಗೆ ಊರಿನ ಅರ್ಧ ಮನೆಗಳಿಗೆ ಆ ವರ್ಷ ಹೆಸರು ಬರಲಿಲ್ಲ. ನೀಲಗಂಗವ್ವನ ದೇವರ ಹೆಸರು ಜೈತೂನಬಿಯ ಹತ್ತಿರ, ಜೈತೂನಬಿಯದು ನೀಲಗಂಗವ್ವನ ಹತ್ತಿರ.

ಹೆಸರಿಲ್ಲದೆ ಊರು ಹೇಗೆ ನಡೆಯುತ್ತದೆ? ನಡೆಯಿತು. ಗುಡಿಯಲ್ಲಿ ಗಂಟೆ ಬಾರಿಸಿದರು, ಆರತಿ ಎತ್ತಿದರು, ಹೆಸರು ಬರುವಲ್ಲಿ ಪೂಜಾರಿ ತುಟಿ ಅಲ್ಲಾಡಿಸಿ ಮುಂದಕ್ಕೆ ಹೋದ. ಮಸೂತಿಯಲ್ಲಿ ಬಾಂಗಿನ ಕೂಗು ಹೆಸರಿನ ಹತ್ತಿರ ಬಂದು ಕೆಮ್ಮಾಗುತ್ತಿತ್ತು. ಆಣೆ ಮಾಡಲು ಬಾರದೆ ಜಗಳಗಳು ಮುಗಿಯದಾದವು. ಹೆರಿಗೆ ನೋವಿನಲ್ಲಿ ಹೆಂಗಸರು ಬರೀ ಯವ್ವಾ ಎಂದು ಕೂಗಿದರು. ಗಿರಣಿಗೆ ಬಂದವರು ಮೊದಲ ಹಿಡಿ ಕಾಳು ಹಾಕುವಾಗ ದೇವರ ಹೆಸರು ಹೇಳುವುದು ರೂಢಿ. ಆ ವರ್ಷ ಅನೇಕರು ಕೈಯಲ್ಲಿ ಕಾಳು ಹಿಡಿದು ನಿಂತುಬಿಡುತ್ತಿದ್ದರು. ಮುರಿಗೆಪ್ಪ ಸುಮ್ಮನೆ ಕೂರಲಿಲ್ಲ. ಬೇರೆ ಊರಿನ ನೆಂಟರನ್ನು ಕರೆಸಿ ಹೇಳಿಸಿದ, ದೊಡ್ಡ ಮಠದ ಶಾಸ್ತ್ರಿಗಳನ್ನು ಕರೆಸಿದ. ಕಿವಿಗೆ ಬೀಳುತ್ತಿತ್ತು, ನಾಲಿಗೆಗೆ ಇಳಿಯುತ್ತಿರಲಿಲ್ಲ. ಟೇಪು ತಂದು ಅದರಲ್ಲಿ ಹಿಡಿದಿಟ್ಟ. ಹಾಕಿದರೆ ಗಾಳಿಯ ಸದ್ದು ಬಂತು.

ಇನ್ನೊಂದು ಕೆಟ್ಟ ಆಟವೂ ಶುರುವಾಯಿತು. ಮಂದಿಯ ದೇವರ ಹೆಸರು ನಾಲಿಗೆಯಲ್ಲಿ ಇರುತ್ತದಲ್ಲ, ಅದನ್ನೇ ಹಿಡಿದು ಈ ಕೇರಿಯವರು ಆ ಕೇರಿಯವರನ್ನು ಅಣಕಿಸತೊಡಗಿದರು. ಜೈತೂನಬಿಯ ಭಾವನ ಮಗ ಇಮಾಮಸಾಬ ಒಂದು ಸಂಜೆ ಗಿರಣಿ ಕಟ್ಟೆಯ ಮೇಲೆ ಕೂತು, ಮೇಲಿನ ಕೇರಿಯವರು ಹಾದುಹೋಗುವಾಗ ಅವರ ದೇವರ ಹೆಸರನ್ನು ರಾಗ ಎಳೆದು ಎಳೆದು ಕೂಗಿದ. ನಿಮಗೆ ಬರುತ್ತದೇನು, ನನಗೆ ಬರುತ್ತದೆ ನೋಡಿ ಎಂಬಂತೆ. ಕೇಳಿದವರು ತಲೆ ತಗ್ಗಿಸಿ ಹೋದರು. ಜೈತೂನಬಿ ಹಿಟ್ಟಿನ ಡಬ್ಬಿ ಕೆಳಗಿಟ್ಟು ಹೋಗಿ, ಮೀಸೆ ಬಂದ ಆ ಗಂಡಸಿನ ಕಿವಿ ಹಿಡಿದಳು.

"ಮಂದಿ ಇಡಾಕ ಕೊಟ್ಟ ಬಂಗಾರ ಹಾಕ್ಕೊಂಡು ಓಣ್ಯಾಗ ಮೆರೀತಿಯೇನೋ? ನಾಚಿಕಿ ಬರೂದಿಲ್ಲ?"

"ಬಿಡ ಚಾಚಿ, ಅವರು ನಿನ್ನ ಹೊಸ್ತಿಲದಾಗ ನಿಂದ್ರಸಲಿಲ್ಲೇನು?"

"ನಿಂದ್ರಸಿದ್ದು ನನ್ನ. ಹೆಸರು ಏನ್ ಮಾಡೇತಿ ನಿನಗ?"

ಆ ಹೆಣ್ಣುಮಗಳನ್ನು ನಾನು ದಿನಾ ನೋಡುತ್ತಿದ್ದೆ. ಬೆಳಿಗ್ಗೆ ಗಿರಣಿ ತೆರೆಯಲು ಹೋಗುವಾಗ ಆಕೆ ಬಾಗಿಲಲ್ಲಿ ಕೌದಿ ಹರಡಿ ಕೂತಿರುತ್ತಿದ್ದಳು. ಮೊದಲ ಹೊಲಿಗೆ ಹಾಕುವಾಗ ನೀಲಗಂಗವ್ವನ ದೇವರ ಹೆಸರನ್ನು ಮೆಲ್ಲಗೆ ಹೇಳುತ್ತಿದ್ದಳು, ಪಾತ್ರೆ ತಿಕ್ಕಿ ಇಟ್ಟ ಹಾಗೆ. ಬಳಸದೆ ಇಟ್ಟರೆ ಹೆಸರು ಮಾಸುತ್ತದೆ ಎಂದು ಆಕೆಯ ಅತ್ತೆ ಹೇಳಿಕೊಟ್ಟಿದ್ದಳಂತೆ. ಆಕೆಯ ದೇವರ ಹೆಸರು ಆಕೆಗೇ ಇರಲಿಲ್ಲ. ನಮಾಜಿಗೆ ನಿಂತರೆ ಆ ಜಾಗದಲ್ಲಿ ಸುಮ್ಮನಿದ್ದು ಮುಂದೆ ಹೋಗಬೇಕು. ತನ್ನದು ಇಲ್ಲದವಳು, ತನ್ನನ್ನು ಬಾಗಿಲಿಂದ ತಿರುಗಿಸಿದವರ ದೇವರ ಹೆಸರನ್ನು ಒಂದು ದಿನವೂ ತಪ್ಪದೆ ಹೇಳಿಕೊಂಡು ಕೂತಿದ್ದಳು. ನಾನು ಬಹಳ ಜನ ಭಕ್ತರನ್ನು ಕಂಡಿದ್ದೇನೆ. ಅಂಥ ಭಕ್ತಿ ಎಲ್ಲೂ ಕಾಣಲಿಲ್ಲ.

ಬೇಸಿಗೆ ಕಾಲಿಡುವ ಹೊತ್ತಿಗೆ ನೀಲಗಂಗವ್ವ ಹಾಸಿಗೆ ಹಿಡಿದಳು. ಊಟ ಬಿಟ್ಟಳು, ಆಮೇಲೆ ಮಾತು ಅರ್ಧರ್ಧ ಆಯಿತು. "ಹೆಸರು... ಕೊಡ..." ಇಷ್ಟೇ ಅನ್ನುತ್ತಿದ್ದಳು, ಮತ್ತೆ ಮತ್ತೆ. ಹೆಸರು ಕೊಡ್ರಿ ಅಂತಾಳೆ, ದೇವರ ಹೆಸರು ಕೇಳದೆ ಜೀವ ಹೋಗುವುದಿಲ್ಲ ಎಂದು ಎಲ್ಲರೂ ಕಣ್ಣೊರೆಸಿಕೊಂಡರು. ಮುರಿಗೆಪ್ಪ ತಾಯಿಯ ಕಿವಿಯ ಹತ್ತಿರ ಕೂತು ಬಾಯಿ ತೆರೆಯುವನು, ಮುಚ್ಚುವನು.

ಒಂದು ಬೆಳಿಗ್ಗೆ ಅವನು ಜೋಳದ ಚೀಲ ಹೊತ್ತು ಗಿರಣಿಗೆ ಬಂದ. ಅವನ ಮನೆಯಲ್ಲಿ ಬೀಸಲು ತರುವವರು ಬೇರೆ ಇದ್ದರು. ಅವನೇ ಬಂದನೆಂದರೆ ಜೋಳಕ್ಕಲ್ಲ ಎಂದು ಗೊತ್ತಾಯಿತು. ನಾನು ಬೆಲ್ಟು ಬಿಚ್ಚಿ ಗಿರಣಿ ನಿಲ್ಲಿಸಿದೆ.

"ಪಕೀರಪ್ಪ ಕಾಕಾ, ನಮ್ಮ ನಿಮ್ಮ ದೇವರು ಒಂದ, ನಿಮ್ಮನಿಗೆ ಹೆಸರು ಬಂದದಲ್ಲ. ನೀವರೆ ಬಂದು ಅವ್ವಗ ಹೇಳ್ರಿ," ಅಂದ.

"ಹೇಳಬಹುದೋ ತಮ್ಮಾ. ನಿಂದ್ರೂದಿಲ್ಲ ಅದು ನಿಮ್ಮನ್ಯಾಗ. ನಿನಗೂ ಗೊತ್ತದ."

"ಮತ್ತೇನ್ ಮಾಡ್ಲಿ?"

"ಯಾರ ಕಡೆ ಅದನೋ ಅವರನ್ನ ಕೇಳು."

"ಯಾವ ಮುಖಾ ಇಟ್ಕೊಂಡು ಹೋಗ್ಲಿ ಕಾಕಾ?"

"ಇದ್ದದ್ದ ಇಟ್ಕೊಂಡು ಹೋಗು. ನಡಿ, ನಾನೂ ಬರ್ತೀನಿ."

ಹೋದೆವು. ಇಮಾಮಸಾಬ ಬಾಗಿಲಲ್ಲೇ ನಿಂತಿದ್ದ. "ಓಹೋ, ಅಂಗಡಿ ಸಾವ್ಕಾರ್ರು! ದಾರಿ ತಪ್ಪಿದ್ರೇನ್ರಿ? ನಿಮ್ಮ ದೇವರನ್ನ ನೀವ ಹುಡಕ್ಕೋತೀವಿ ಅಂದಿದ್ರಲ್ಲ, ನಮ್ಮ ಓಣ್ಯಾಗ ಬಿದ್ದದೇನು?" ಮುರಿಗೆಪ್ಪ ತಲೆ ಎತ್ತಲಿಲ್ಲ. ಒಳಗಿನಿಂದ ಜೈತೂನಬಿ ಬಂದಳು. ಅವನ ಮುಖ ನೋಡಿದಳು. "ಇದ್ದಾಳಿಲ್ಲೋ?" ಅಂದಳು.

"ಇದ್ದಾಳ ಚಿಗವ್ವಾ. ಹೆಸರು ಕೇಳಾಕತ್ತಾಳ."

"ತಡೀರಿ, ಸಕ್ರಿ ಇಲ್ಲ ಮನ್ಯಾಗ," ಎಂದು ಬಟ್ಟಲು ತೆಗೆದುಕೊಂಡು ಇಮಾಮಸಾಬನ ಕೈಗಿಟ್ಟಳು. "ನಿಮ್ಮನ್ಯಾಗಿಂದ ತುಂಬ್ಕೊಂಡು ಬಾ."

"ನಾನು? ಇವರ ಸಲುವಾಗಿ?"

"ಏ ಮೊಂಡಾ, ಸಾಯೋ ಹೆಂಗಸಿನ ಮುಂದ ಬರೇ ಕೈಲೆ ಹೋಗಂತಿಯೇನು? ಹೋಗು." ಅವನು ಗೊಣಗುತ್ತ ಹೋದ, ತುಂಬಿದ ಬಟ್ಟಲು ಹಿಡಿದು ನಮ್ಮ ಹಿಂದೆಯೇ ಬಂದ.

ನೀಲಗಂಗವ್ವನ ಮನೆಯ ಮುಂದೆ ಎರಡು ಕೇರಿಯ ಜನವೂ ಸೇರಿದ್ದರು. ಜೈತೂನಬಿ ಹೊಸ್ತಿಲ ಹತ್ತಿರ ಬಂದು ನಿಂತಳು, ಕರೆಯಲಿ ಎಂದು. ಮುರಿಗೆಪ್ಪ ಬದಿಗೆ ಸರಿದ. ಸರಿದವನು ಅಷ್ಟರಲ್ಲಿ, ತೂಗುವ ಬುದ್ಧಿ ಎಲ್ಲಿ ಬಿಡುತ್ತದೆ, ತೊದಲುತ್ತ ಕೇಳಿಯೇಬಿಟ್ಟ: "ಚಿಗವ್ವಾ, ಸಿಟ್ಟಾಗಬ್ಯಾಡ. ಅದ... ನಮ್ದ ಹೌದಲ್ಲ?"

ಜೈತೂನಬಿ ಸಿಟ್ಟಾಗಲಿಲ್ಲ. "ನನಗೇನ್ ಗೊತ್ತೋ ಮಗನ," ಅಂದಳು. "ನಮ್ಮತ್ತಿ ನನಗ ಹೇಳಿದ್ಲು, ಆಕಿಗೆ ಆಕಿ ಅತ್ತಿ. ಹೆಂಗ ಕೊಟ್ರೋ ಹಂಗ ಇಟ್ಟೀನಿ, ಒಂದು ಎಳಿ ಹೆಚ್ಚಿಲ್ಲ, ಒಂದು ಎಳಿ ಕಡಿಮಿ ಇಲ್ಲ. ಕರದು ನೋಡು. ಓ ಅಂದ್ರ ನಿಂದು."

ಒಳಗೆ ಹೋಗಿ ಹಾಸಿಗೆಯ ಪಕ್ಕ ಕೂತಳು. "ಏ ಬೀಗತಿ," ಅಂದಳು. ನೀಲಗಂಗವ್ವ ಕಣ್ಣು ತೆರೆದಳು. ಜೈತೂನಬಿ ಬಾಗಿ ಕಿವಿಗೆ ಬಾಯಿ ತಂದಳು. ಆಗ ಮುದುಕಿ, ಅಷ್ಟು ದಿನ ಅಲ್ಲಾಡದೆ ಬಿದ್ದಿದ್ದ ಕೈ ಎತ್ತಿ, ಆಕೆಯ ಬಾಯಿಗೆ ಅಡ್ಡ ಹಿಡಿದಳು.

"ನನಗಲ್ಲ," ಅಂದಳು. "ನಿನಗ. ನಿನ್ನ ಹೆಸರು... ಕೊಡಬೇಕು. ನಾ ಹೋದ್ರ... ನನ್ನ ಸಂಗಾಟ ಹೋಗ್ತದಲ್ಲೇ."

ಆಗ ತಿಳಿಯಿತು ನಮಗೆ. ಇಷ್ಟು ದಿನ ಆಕೆ ಹೆಸರು ಕೊಡ್ರಿ ಅಂದಿರಲೇ ಇಲ್ಲ. ಹೆಸರು ಕೊಡಬೇಕು ಅನ್ನುತ್ತಿದ್ದಳು. ನಾವೆಲ್ಲ ಸುತ್ತ ಕೂತು ಅರ್ಧ ಮಾತನ್ನು ತಮಗೆ ಬೇಕಾದಂತೆ ತುಂಬಿಕೊಂಡಿದ್ದೆವು. ತನ್ನ ದೇವರು ಸಿಗಲಿಲ್ಲವೆಂದು ಆ ಜೀವ ಒದ್ದಾಡಿರಲಿಲ್ಲ. ಬೀಗತಿಯ ದೇವರು ತನ್ನ ಹತ್ತಿರ ಉಳಿದುಹೋಯಿತಲ್ಲ ಎಂದು ಒದ್ದಾಡಿತ್ತು.

ಜೈತೂನಬಿ ಕಿವಿಯನ್ನು ಮುದುಕಿಯ ಬಾಯಿಯ ಹತ್ತಿರ ತಂದಳು. ಏನು ಹೇಳಿದಳೋ ನಮಗೆ ಕೇಳಲಿಲ್ಲ. ಜೈತೂನಬಿಯ ತುಟಿ ಒಮ್ಮೆ ಅಲ್ಲಾಡಿತು, ಇನ್ನೊಮ್ಮೆ ಅಲ್ಲಾಡಿತು, ಆಮೇಲೆ ಆಕೆ ಸೆರಗು ಬಾಯಿಗೊತ್ತಿಕೊಂಡು ಅತ್ತಳು. ಅತ್ತು ಮುಗಿಸಿ, ಮೂಗೊರೆಸಿಕೊಂಡು, "ಈಗರೆ ತೊಗೋತಿಯೋ ಇಲ್ಲೋ ನಿಂದು?" ಅಂದಳು. ಮುದುಕಿ ನಕ್ಕಂತಾಯಿತು. ಜೈತೂನಬಿ ಕಿವಿಯಲ್ಲಿ ಹೇಳಿದಳು. ನೀಲಗಂಗವ್ವ ಅದನ್ನು ಗಟ್ಟಿಯಾಗಿ, ಅಂಗಳದಲ್ಲಿದ್ದವರಿಗೆಲ್ಲ ಕೇಳುವ ಹಾಗೆ ಕರೆದಳು. ಮುರಿಗೆಪ್ಪನೂ ಕರೆದ, ಅವನಿಗೂ ಬಂತು. ಓ ಎಂದು ಯಾರಾದರೂ ಅಂದರೋ ಇಲ್ಲವೋ ನಾನು ಹೇಳಲಾರೆ. ಅವನು ಮತ್ತೆ ಏನೂ ಕೇಳಲಿಲ್ಲ.

ಇನ್ನೊಂದು ಕೆಲಸ ಉಳಿದಿತ್ತು. ಮುದುಕಿ ಹೋದಮೇಲೆ ಜೈತೂನಬಿಯ ಹೆಸರನ್ನು ಇಟ್ಟುಕೊಳ್ಳುವವರು ಬೇಕಲ್ಲ. ಜೈತೂನಬಿ, "ಇನ್ನ ನಂದು ಯಾರ ಕಡೆ ಇಡ್ಲಿ ಬೀಗತಿ?" ಎಂದು ಕೇಳಿದಳು. ನೀಲಗಂಗವ್ವ ಮಗನನ್ನು ನೋಡಿದಳು. ಬಾಗಿಲಲ್ಲಿ ಸಕ್ಕರೆ ಬಟ್ಟಲು ಹಿಡಿದು ನಿಂತಿದ್ದ ಇಮಾಮಸಾಬ ತಡೆಯಲಾರದೆ, "ಇಂವನ ಕಡೆ? ಚಾಚಿ, ನಾಳೆ ಇಂವ ಕೊಡಲಿಲ್ಲಂದ್ರ?" ಅಂದ.

"ಕೊಡಲಿಲ್ಲಂದ್ರ ಬಂದು ನಿಂತು ಕೇಳ್ತೀನಿ," ಅಂದಳು ಜೈತೂನಬಿ. "ಇವರ ಹೊಸ್ತಿಲದಾಗ ನಿಲ್ಲೂದು ನನಗ ರೂಢಿ ಆಗೇದ."

ಮುರಿಗೆಪ್ಪ ಬಗ್ಗಿ ತಾಯಿಯ ಬಾಯಿಗೆ ಕಿವಿ ಕೊಟ್ಟ. ಆ ಮಧ್ಯಾಹ್ನವೇ ನೀಲಗಂಗವ್ವ ತೀರಿಕೊಂಡಳು. ಆಕೆಯ ಮೇಲೆ ಹೊದಿಸಿದ್ದು ಜೈತೂನಬಿ ಹೊಲಿದ ಕೌದಿ.

ಆಮೇಲೆ ಆ ವರ್ಷ ಒಂದೊಂದೇ ಮನೆಯವರು ಬಟ್ಟಲು ಹಿಡಿದು ಆಚೆ ಕೇರಿಗೆ, ಈಚೆ ಕೇರಿಗೆ ಓಡಾಡಿದರು. ಎಲ್ಲರೂ ಅಲ್ಲ. ಕೆಲವರು ಇಂದಿಗೂ ಹೆಸರಿಲ್ಲದೆಯೇ ಇದ್ದಾರೆ, ಮೊಂಡರು. ಅವರನ್ನೂ ಯಾರೂ ಅಣಕಿಸುವುದಿಲ್ಲ. ಆದರೆ ನಾವೆಲ್ಲ ಕಾದಿದ್ದು ಮುಂದಿನ ಗಾಳಿಗೆ. ಗಾಳಿ ಬಂತು, ಹೆಸರುಗಳನ್ನು ಒಯ್ದಿತು, ನಿಂತಿತು. ನಿಂತ ಬೆಳಿಗ್ಗೆ ಜೈತೂನಬಿ ಮೊದಲು ಮುರಿಗೆಪ್ಪನ ಮನೆಗೆ ಹೋಗಿ ಹೇಳಿ ಬಂದಳು, ಈ ಸಲ ಯಾರೂ ತಡೆಯಲಿಲ್ಲ. ತನ್ನ ಮನೆಗೆ ತಿರುಗಿ ಬಂದು ಬಾಗಿಲು ಮುಂದೆ ಮಾಡಿಕೊಂಡು ಕೂತಳು. ತನ್ನದನ್ನು ಅಲ್ಲೇ ಕೇಳಲಿಲ್ಲ. ಕೇಳಿ ತೆಗೆದುಕೊಳ್ಳುವಂಥದ್ದಲ್ಲ ಅದು, ತಂದು ಕೊಡಬೇಕು.

ಬಿಸಿಲು ಏರಿತು. ನಾನು ಗಿರಣಿ ಶುರು ಮಾಡದೆ ಓಣಿಯ ತುದಿಯನ್ನೇ ನೋಡುತ್ತ ಕೂತಿದ್ದೆ. ಸಮಾಧಾನಪ್ಪನೂ ಕೆಲಸ ಬಿಟ್ಟು ಬಂದು ಪಕ್ಕದಲ್ಲಿ ಕೂತ. ಇಮಾಮಸಾಬ ಚಾಚಿಯ ಮನೆಯ ಮುಂದೆ ಅಡ್ಡಾಡುತ್ತಿದ್ದ, ಬರೂದಿಲ್ಲ ಬಿಡ್ರಿ ಎಂದು ಒಮ್ಮೆ ನಮ್ಮ ಕಡೆ ಕೈ ತಿರುಗಿಸಿ ತೋರಿಸಿದ. ಅಷ್ಟರಲ್ಲಿ ಮುರಿಗೆಪ್ಪ ಕಂಡ. ಮಡಿ ಧೋತರ ಉಟ್ಟಿದ್ದ. ಎರಡೂ ಕೈಯಲ್ಲಿ ಬಟ್ಟಲು. ಸಕ್ಕರೆ ಎಷ್ಟು ತುಂಬಿದ್ದನೆಂದರೆ ಹೆಜ್ಜೆಗೊಮ್ಮೆ ಚೆಲ್ಲುತ್ತಿತ್ತು. ಜೀವಮಾನದಲ್ಲಿ ಮೊದಲ ಸಲ ಅವನು ತೂಗದೆ ತಂದಿದ್ದ. ಜೈತೂನಬಿಯ ಬಾಗಿಲ ಮುಂದೆ ನಿಂತು ಗಂಟಲು ಸರಿಮಾಡಿಕೊಂಡ.

"ಯಾರದು?" ಎಂದು ಒಳಗಿನಿಂದ ಕೇಳಿದಳು ಆಕೆ, ಗೊತ್ತಿದ್ದೂ.

"ಬೀಗ," ಅಂದ ಮುರಿಗೆಪ್ಪ. "ಬೀಗ ಬಂದೀನ್ರಿ ಚಿಗವ್ವಾ. ಬಾಗಲಾ ತಗೀರಿ."

"ಯಾವ ಬೀಗಪಾ? ಹಾಕೂದೋ, ತಗಿಯೂದೋ?"

ಓಣಿಯೆಲ್ಲ ನಕ್ಕಿತು. ಇಮಾಮಸಾಬನೂ ನಕ್ಕ.

"ತಗಿಯೂದ್ರಿ," ಅಂದ ಮುರಿಗೆಪ್ಪ.

"ಹಂಗಾರ ಒಂದೀಟು ನಿಂದ್ರು ಹೊಸ್ತಿಲದಾಗ," ಅಂದಳು ಜೈತೂನಬಿ. "ತಲಿ ಮ್ಯಾಲೆ ಸೆರಗರೆ ಹಾಕ್ಕೋತೀನಿ."

ಅವನು ನಿಂತ.